ನೆರೆಮನೆಯವರ ಇತಿಹಾಸ

ಒಂದು ಸಿನಿಮಾ ಜನರ ಕಣ್ಣಿಗೆ ಬೀಳಬಾರದು ಅಂದ್ರೆ ಅದನ್ನು ನಿಷೇಧಿಸಲೇಬೇಕು ಅಂತೇನಿಲ್ಲ. ನಿಷೇಧಿಸಿದರೆ ಕೋರ್ಟು, ಪತ್ರಿಕೆ, ಪ್ರತಿಭಟನೆ ಅಂತ ನೂರೆಂಟು ರಗಳೆ. ಅದಕ್ಕಿಂತ ಸುಲಭದ ದಾರಿ ಇನ್ನೊಂದಿದೆ: ಕೊಂಡುಕೊಳ್ಳದೆ ಸುಮ್ಮನೆ ಇದ್ದುಬಿಡುವುದು. ಫ್ರಾನ್ಸಿನ ಸರ್ಕಾರಿ ಟಿವಿ ಮಾಡಿದ್ದು ಇದನ್ನೇ. 1969ರಲ್ಲಿ ಟಿವಿಗೆಂದೇ ತಯಾರಾದ, ಫ್ರಾನ್ಸಿನದೇ ಕಥೆ ಹೇಳುವ ಒಂದು ಸಾಕ್ಷ್ಯಚಿತ್ರ ಫ್ರಾನ್ಸಿನ ಟಿವಿಯಲ್ಲಿ ಬಂದಿದ್ದು 1981ರಲ್ಲಿ. ಅಷ್ಟರಲ್ಲಿ ಅದನ್ನು ಜರ್ಮನಿಯವರು ನೋಡಿ ಆಗಿತ್ತು, ಅಮೆರಿಕದವರು ಆಸ್ಕರ್‌ಗೆ ನಾಮಕರಣ ಮಾಡಿ ಆಗಿತ್ತು, ವುಡಿ ಅಲೆನ್ ತನ್ನ ‘ಆ್ಯನಿ ಹಾಲ್’ ಸಿನಿಮಾದಲ್ಲಿ ಅದರ ಮೇಲೆ ಜೋಕ್ ಕೂಡ ಮಾಡಿ ಮುಗಿಸಿದ್ದ.

ಆ ಸಾಕ್ಷ್ಯಚಿತ್ರದ ಹೆಸರು ‘ದುಃಖ ಮತ್ತು ಕರುಣೆ’. ಫ್ರೆಂಚಿನಲ್ಲಿ ‘ಲ ಶಾಗ್ರಾಂ ಎ ಲ ಪಿತಿಯೆ’. ಉದ್ದ ನಾಲ್ಕು ಗಂಟೆ ಹನ್ನೊಂದು ನಿಮಿಷ. ನಿರ್ದೇಶಕ ಮಾರ್ಸೆಲ್ ಓಫುಲ್ಸ್. ನಾನು ಇದನ್ನು ಎರಡು ಶನಿವಾರ ಕೂತು ನೋಡಿದೆ. ಒಂದೇ ಸಲಕ್ಕೆ ನೋಡಲಾಗದ್ದಕ್ಕೆ ಅದರ ಉದ್ದ ಕಾರಣವಲ್ಲ. ಅದರೊಳಗಿನ ಜನ ತೀರಾ ಮಾಮೂಲಿ ಜನ, ಅದೇ ಕಾರಣ. ಅವರ ಮಾತನ್ನು ಒಮ್ಮೆಗೇ ಅಷ್ಟೊಂದು ಕೇಳಿಸಿಕೊಳ್ಳೋದು ಕಷ್ಟ.

ಇವತ್ತು ಈ ಓಫುಲ್ಸ್ ಬಗ್ಗೆ ಬರೆಯಬೇಕು ಅನ್ನಿಸಿದೆ. 2025ರ ಮೇ 24ರಂದು, 97ನೇ ವಯಸ್ಸಿನಲ್ಲಿ ಅವರು ತೀರಿಕೊಂಡರು. ಆವತ್ತು ನಮ್ಮ ಫೀಡುಗಳಲ್ಲಿ ಅದು ದೊಡ್ಡ ಸುದ್ದಿಯೇನೂ ಆಗಲಿಲ್ಲ. ಆದರೆ ಒಂದು ದೇಶ ತನ್ನ ಬಗ್ಗೆ ತಾನೇ ಹೇಳಿಕೊಂಡಿದ್ದ ಕಥೆಯನ್ನು ಕ್ಯಾಮೆರಾ ಹಿಡಿದು ಅಲುಗಾಡಿಸಿದ ಮನುಷ್ಯ ಅವರು. ಆ ಕೆಲಸ ಹೇಗೆ ಆಯಿತು, ಅದಕ್ಕೆ ಅವರು ತೆತ್ತಿದ್ದೇನು ಅನ್ನೋದು ನಮಗೂ ಗೊತ್ತಿರಬೇಕಾದ ಸಂಗತಿ.

ಓಫುಲ್ಸ್ ಹುಟ್ಟಿದ್ದು 1927ರ ನವೆಂಬರ್ 1ರಂದು, ಜರ್ಮನಿಯ ಫ್ರಾಂಕ್‌ಫರ್ಟ್‌ನಲ್ಲಿ. ಅಪ್ಪ ಮ್ಯಾಕ್ಸ್ ಓಫುಲ್ಸ್, ಸಿನಿಮಾ ಇತಿಹಾಸದ ದೊಡ್ಡ ಹೆಸರುಗಳಲ್ಲೊಂದು. ‘ಲೆಟರ್ ಫ್ರಮ್ ಆ್ಯನ್ ಅನ್‌ನೋನ್ ವುಮನ್’, ‘ಲೋಲಾ ಮೊಂಟೆಸ್’ ತರಹದ ಸಿನಿಮಾಗಳ ನಿರ್ದೇಶಕ. ಅಮ್ಮ ರಂಗನಟಿ. ಮ್ಯಾಕ್ಸ್ ಅವರ ನಿಜವಾದ ಮನೆತನದ ಹೆಸರು ಓಪನ್‌ಹೈಮರ್, ಯಹೂದಿ ಕುಟುಂಬ. 1933ರಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದ ಕೆಲವೇ ವಾರಗಳಲ್ಲಿ ಅವರು ಹೆಂಡತಿ ಮಗನ ಜೊತೆ ಫ್ರಾನ್ಸಿಗೆ ಬಂದುಬಿಟ್ಟರು. ಆಗ ಮಾರ್ಸೆಲ್‌ಗೆ ಐದು ವರ್ಷ.

1938ರಲ್ಲಿ ಕುಟುಂಬಕ್ಕೆ ಫ್ರೆಂಚ್ ಪೌರತ್ವ ಸಿಕ್ಕಿತು. ಎರಡೇ ವರ್ಷಕ್ಕೆ ಫ್ರಾನ್ಸೇ ಬಿದ್ದುಹೋಯಿತು. ಮತ್ತೆ ಗಂಟುಮೂಟೆ ಕಟ್ಟಿ ದಕ್ಷಿಣಕ್ಕೆ ಓಟ. 1941ರಲ್ಲಿ ಸ್ಪೇನ್ ಮೂಲಕ ದಾಟಿ ಅಮೆರಿಕ. ಹದಿಹರೆಯದಲ್ಲಿ ಮಾರ್ಸೆಲ್ ಓದಿದ್ದು ಹಾಲಿವುಡ್ ಹೈಸ್ಕೂಲಿನಲ್ಲಿ. ಆಗ ಫ್ರಾಂಕ್ ಕ್ಯಾಪ್ರಾ ಅಮೆರಿಕದ ಸೇನೆಗಾಗಿ ಮಾಡಿದ ‘ಪ್ರಿಲ್ಯೂಡ್ ಟು ವಾರ್’ ಚಿತ್ರದಲ್ಲಿ ಹಿಟ್ಲರನ ಯುವದಳದ ಹುಡುಗನಾಗಿ ಒಂದು ಸಣ್ಣ ಪಾತ್ರವನ್ನೂ ಮಾಡಿದರು. ಹಿಟ್ಲರನಿಂದ ತಪ್ಪಿಸಿಕೊಂಡು ಅರ್ಧ ಭೂಮಿ ದಾಟಿ ಬಂದ ಹುಡುಗನಿಗೆ ಸಿಕ್ಕ ಮೊದಲ ವೇಷ ಅದು! ಯುದ್ಧ ಮುಗಿದ ಮೇಲೆ ಅಮೆರಿಕದ ಸೈನಿಕನಾಗಿ ಜಪಾನಿನಲ್ಲಿದ್ದರು, ಆಮೇಲೆ ಕಾಲೇಜು ಓದಿದರು, 1950ರಲ್ಲಿ ಫ್ರಾನ್ಸಿಗೆ ವಾಪಸ್ ಬಂದರು.

ಈ ಓಡಾಟದ ಪಟ್ಟಿಯನ್ನು ನಾನು ಸುಮ್ಮನೆ ಕೊಡುತ್ತಿಲ್ಲ. ಜರ್ಮನ್, ಫ್ರೆಂಚ್, ಇಂಗ್ಲಿಷ್ ಮೂರನ್ನೂ ಮನೆಮಾತಿನ ಹಾಗೆ ಆಡಬಲ್ಲ ಮನುಷ್ಯ ಹೀಗೆ ತಯಾರಾದ. ಮುಂದೆ ಅವರು ನಾಜಿ ಅಧಿಕಾರಿಯ ಎದುರು ಜರ್ಮನ್‌ನಲ್ಲಿ, ಫ್ರೆಂಚ್ ರೈತನ ಎದುರು ಫ್ರೆಂಚಿನಲ್ಲಿ, ಅಮೆರಿಕದ ಗೂಢಚಾರನ ಎದುರು ಇಂಗ್ಲಿಷಿನಲ್ಲಿ ಕೂತು ಪ್ರಶ್ನೆ ಕೇಳಿದರು. ಎದುರಿಗಿದ್ದವರು ದುಭಾಷಿಯ ಮರೆಯಲ್ಲಿ ಅಡಗಿಕೊಳ್ಳುವ ಹಾಗಿರಲಿಲ್ಲ.

ಆದರೆ ಸಾಕ್ಷ್ಯಚಿತ್ರ ಮಾಡಬೇಕು ಅನ್ನುವುದು ಅವರ ಆಸೆಯೇ ಆಗಿರಲಿಲ್ಲ. ಅವರಿಗೆ ಇಷ್ಟವಿದ್ದದ್ದು ಹಾಡು, ನೃತ್ಯ, ಲಘುಹಾಸ್ಯ. ಫ್ರೆಡ್ ಆಸ್ಟೇರ್ ಅಂದರೆ ಪ್ರಾಣ. ಅಪ್ಪನ ‘ಲೋಲಾ ಮೊಂಟೆಸ್’ಗೆ, ಜಾನ್ ಹ್ಯೂಸ್ಟನ್‌ರ ‘ಮೂಲಾಂ ರೂಜ್’ಗೆ ಸಹಾಯಕನಾಗಿ ದುಡಿದರು. 1957ರಲ್ಲಿ ಅಪ್ಪ ತೀರಿಕೊಂಡರು. 1962ರಲ್ಲಿ ಸ್ನೇಹಿತ ಫ್ರಾನ್ಸ್ವಾ ತ್ರುಫೋ ಕೃಪೆಯಿಂದ ‘ಇಪ್ಪತ್ತರ ಪ್ರೇಮ’ ಎಂಬ ಬಿಡಿಚಿತ್ರಗಳ ಸಂಕಲನದಲ್ಲಿ ಒಂದು ಭಾಗ ನಿರ್ದೇಶಿಸುವ ಅವಕಾಶ ಸಿಕ್ಕಿತು. ಮರುವರ್ಷವೇ ಜಾನ್ ಮೊರೋ ಮತ್ತು ಜಾನ್-ಪಾಲ್ ಬೆಲ್ಮಾಂಡೋ ನಟಿಸಿದ ‘ಬಾಳೆಹಣ್ಣಿನ ಸಿಪ್ಪೆ’ ಬಂತು, ಚೆನ್ನಾಗಿ ಓಡಿತು. ಆಮೇಲೆ 1965ರ ಸಿನಿಮಾ ಮಕಾಡೆ ಮಲಗಿತು. ನಿರ್ಮಾಪಕರು ಫೋನ್ ಎತ್ತುವುದನ್ನು ನಿಲ್ಲಿಸಿದರೆ ಸಿನಿಮಾದವರಿಗೆ ಉಳಿಯುವ ದಾರಿ ಯಾವುದು? ಟಿವಿ. ಮನೆ ಬಾಡಿಗೆ ಕಟ್ಟಬೇಕಲ್ಲ.

ಆಗ ಫ್ರಾನ್ಸಿನಲ್ಲಿ ಟಿವಿ ಅಂದರೆ ಸರ್ಕಾರಿ ಸಂಸ್ಥೆ ಓಆರ್‌ಟಿಎಫ್. ಖಾಸಗಿ ಚಾನೆಲ್ ಅನ್ನುವ ಮಾತೇ ಇಲ್ಲ. ಅಲ್ಲಿ ಆಂದ್ರೆ ಹ್ಯಾರಿಸ್ ಮತ್ತು ಅಲೆಂ ದ ಸೆದುಯಿ ಎಂಬ ಇಬ್ಬರು ಪತ್ರಕರ್ತರು ‘ಜೂಮ್’ ಅನ್ನುವ ಕಾರ್ಯಕ್ರಮ ನಡೆಸುತ್ತಿದ್ದರು. ಅವರಿಗಾಗಿ ಓಫುಲ್ಸ್ 1967ರಲ್ಲಿ ಮ್ಯೂನಿಕ್ ಒಪ್ಪಂದದ ಬಗ್ಗೆ ಒಂದು ಸಾಕ್ಷ್ಯಚಿತ್ರ ಮಾಡಿದರು. 1938ರಲ್ಲಿ ಬ್ರಿಟನ್ ಮತ್ತು ಫ್ರಾನ್ಸ್ ಸೇರಿ ಜೆಕೊಸ್ಲೊವಾಕಿಯಾದ ಒಂದು ಭಾಗವನ್ನು ಹಿಟ್ಲರನ ತಟ್ಟೆಗೆ ಬಡಿಸಿದ ಕಥೆ ಅದು. ಅದು ಜನರಿಗೆ ಹಿಡಿಸಿತು. ಮುಂದಿನ ಕಂತಾಗಿ, ಅದಾದ ಮೇಲಿನ ವರ್ಷಗಳ ಬಗ್ಗೆ, ಅಂದರೆ ಜರ್ಮನರ ಆಕ್ರಮಣದ ಕಾಲದ ಫ್ರಾನ್ಸ್ ಬಗ್ಗೆ ಮಾಡೋಣ ಅಂತ ಮಾತಾಯಿತು.

ಅಷ್ಟರಲ್ಲಿ 1968ರ ಮೇ ತಿಂಗಳು ಬಂತು. ವಿದ್ಯಾರ್ಥಿಗಳು ಬೀದಿಗಿಳಿದರು, ಕಾರ್ಖಾನೆಗಳು ನಿಂತವು, ಟಿವಿಯವರೂ ಮುಷ್ಕರ ಹೂಡಿದರು. ಈ ಮೂವರೂ ಮುಷ್ಕರದಲ್ಲಿದ್ದರು. ಮುಷ್ಕರ ಮುಗಿದ ಮೇಲೆ ಮೂವರಿಗೂ ಅಲ್ಲಿ ಕೆಲಸ ಇರಲಿಲ್ಲ. ಕೊನೆಗೆ ದುಡ್ಡು ಹಾಕಿದ್ದು ಸ್ವಿಟ್ಜರ್ಲೆಂಡಿನವರು ಮತ್ತು ಪಶ್ಚಿಮ ಜರ್ಮನಿಯ ಟಿವಿ. ಸ್ವಲ್ಪ ಯೋಚಿಸಿ ನೋಡಿ. ಆಕ್ರಮಣದ ಕಾಲದಲ್ಲಿ ಫ್ರಾನ್ಸ್ ಹೇಗಿತ್ತು ಅಂತ ತಿಳಿದುಕೊಳ್ಳುವ ಸಿನಿಮಾಕ್ಕೆ ಹಣ ಕೊಟ್ಟಿದ್ದು ಆಕ್ರಮಣ ಮಾಡಿದ ದೇಶದ ಟಿವಿ!

ಇಲ್ಲಿ ಒಂಚೂರು ಹಿನ್ನೆಲೆ ಬೇಕು. 1940ರ ಜೂನ್‌ನಲ್ಲಿ ಫ್ರಾನ್ಸ್ ಸೋತು ಶರಣಾಯಿತು. ಉತ್ತರ ಭಾಗ ಮತ್ತು ಅಟ್ಲಾಂಟಿಕ್ ಕರಾವಳಿ ಜರ್ಮನರ ಕೈಗೆ. ಉಳಿದ ದಕ್ಷಿಣ ಭಾಗವನ್ನು ಮಾರ್ಷಲ್ ಪೆತಾಂ ಎಂಬ 84 ವರ್ಷದ ಮುದುಕ ವಿಷಿ ಎಂಬ ಊರಿನಿಂದ ಆಳತೊಡಗಿದರು. ಪೆತಾಂ ಮೊದಲ ಮಹಾಯುದ್ಧದ ವೀರ, ಜನರ ಪಾಲಿಗೆ ದೇವರಂಥವರು. ಆ ಸರ್ಕಾರ 1940ರ ಅಕ್ಟೋಬರ್‌ನಲ್ಲೇ ಯಹೂದಿಗಳನ್ನು ಸರ್ಕಾರಿ ನೌಕರಿ, ಶಾಲೆ, ಪತ್ರಿಕೆಗಳಿಂದ ಹೊರಹಾಕುವ ಕಾನೂನು ತಂದಿತು. 1942ರ ಜುಲೈ 16 ಮತ್ತು 17ರಂದು ಪ್ಯಾರಿಸ್ಸಿನಲ್ಲಿ ಸುಮಾರು 13,000 ಯಹೂದಿಗಳನ್ನು ಮನೆಮನೆಗೆ ಹೋಗಿ ಹಿಡಿದರು. ಅವರಲ್ಲಿ 4,000ಕ್ಕೂ ಹೆಚ್ಚು ಮಕ್ಕಳು. ಹಿಡಿದವರು ಜರ್ಮನ್ ಸೈನಿಕರಲ್ಲ, ಫ್ರೆಂಚ್ ಪೊಲೀಸರು. ಯುದ್ಧ ಮುಗಿಯುವ ಹೊತ್ತಿಗೆ ಫ್ರಾನ್ಸಿನಿಂದ ಸುಮಾರು 76,000 ಯಹೂದಿಗಳನ್ನು ಸಾವಿನ ಶಿಬಿರಗಳಿಗೆ ಸಾಗಿಸಲಾಗಿತ್ತು. ವಾಪಸ್ ಬಂದವರು ಬೆರಳೆಣಿಕೆಯಷ್ಟು.

1944ರಲ್ಲಿ ಪ್ಯಾರಿಸ್ ಬಿಡುಗಡೆಯಾದಾಗ ಜನರಲ್ ಡಿ ಗಾಲ್ ಬೇರೆಯೇ ಕಥೆ ಹೇಳಿದರು. ಪ್ಯಾರಿಸ್ ತನ್ನನ್ನು ತಾನೇ ಬಿಡಿಸಿಕೊಂಡಿತು, ಇಡೀ ಫ್ರಾನ್ಸ್ ಹೋರಾಡಿತು ಅನ್ನುವ ಕಥೆ. ಒಡೆದುಹೋದ ದೇಶವನ್ನು ಕೂಡಿಸಲು ಆ ಕಥೆ ಬೇಕಿತ್ತು ಅಂತಲೇ ಇಟ್ಟುಕೊಳ್ಳೋಣ. ಆದರೆ ಅದು ಇಪ್ಪತ್ತೈದು ವರ್ಷ ಶಾಲೆಯ ಪಾಠವಾಗಿ, ಸಿನಿಮಾ ಆಗಿ, ಊರೂರಿನ ಸ್ಮಾರಕದ ಕಲ್ಲಾಗಿ ಗಟ್ಟಿಯಾಯಿತು. ವಿಷಿ ಸರ್ಕಾರ ಅನ್ನೋದು ನಾಲ್ಕಾರು ದ್ರೋಹಿಗಳ ಕೆಲಸ, ಉಳಿದವರೆಲ್ಲ ಒಳಗೊಳಗೇ ವೀರರು. 1956ರಲ್ಲಿ ಅಲೆಂ ರೆನೆ ‘ರಾತ್ರಿ ಮತ್ತು ಮಂಜು’ ಎಂಬ ಚಿತ್ರ ಮಾಡಿದಾಗ, ಶಿಬಿರವೊಂದರ ಹಳೆಯ ಫೋಟೋದಲ್ಲಿ ಕಾವಲಿಗೆ ನಿಂತ ಫ್ರೆಂಚ್ ಪೊಲೀಸನ ಟೋಪಿ ಕಾಣುತ್ತಿತ್ತು. ಸೆನ್ಸಾರಿನವರು ಆ ಟೋಪಿಯನ್ನು ಮರೆಮಾಡಿಸಿದರು. ಒಂದು ಟೋಪಿಗೇ ಇಷ್ಟು ಹೆದರಿಕೆ ಇದ್ದ ಕಾಲ. ಅಂಥಲ್ಲಿ ನಾಲ್ಕು ಗಂಟೆಯ ಸಿನಿಮಾ ಬಂದರೆ?

ಓಫುಲ್ಸ್ ಪ್ಯಾರಿಸ್ ಬಿಟ್ಟು ಕ್ಲೆರ್ಮಾಂ-ಫೆರಾಂ ಎಂಬ ಊರನ್ನು ಆರಿಸಿಕೊಂಡರು. ದೇಶದ ನಡುಭಾಗದ ಊರು, ಮಿಶೆಲಿನ್ ಟೈರ್ ಕಂಪನಿಯ ಊರು. ವಿಷಿಗೆ ಹತ್ತಿರ. ಸುತ್ತಲ ಬೆಟ್ಟಗಳಲ್ಲಿ ಪ್ರತಿರೋಧ ಹೋರಾಟಗಾರರೂ ಇದ್ದರು. ಅಲ್ಲಿ ಬದುಕಿದವರನ್ನು, ಅಲ್ಲಿಗೆ ಬಂದುಹೋದವರನ್ನು ಹುಡುಕಿ ಮಾತಾಡಿಸಿದರು. ಜೊತೆಗೆ ಆ ಕಾಲದ ಸುದ್ದಿಚಿತ್ರಗಳನ್ನು ತಂದು ಪಕ್ಕದಲ್ಲಿಟ್ಟರು. ವಿವರಣೆ ಕೊಡುವ ಗಂಭೀರ ದನಿ ತೀರಾ ಕಡಿಮೆ. ಒಬ್ಬರ ಮಾತಿನ ಬೆನ್ನಿಗೆ ಇನ್ನೊಬ್ಬರ ಮಾತು, ನಡುವೆ ಒಂದು ಹಳೇ ಸುದ್ದಿಚಿತ್ರ. ಊರಿನ ಒಬ್ಬರು ನಾವು ಜರ್ಮನರನ್ನು ನೋಡಲೇ ಇಲ್ಲ ಅಂತಾರೆ. ಇನ್ನೊಬ್ಬರು ಎಲ್ಲಿ ನೋಡಿದರೂ ಅವರೇ ಇದ್ದರು ಅಂತಾರೆ. ಓಫುಲ್ಸ್ ಏನೂ ಹೇಳುವುದಿಲ್ಲ. ಎರಡನ್ನೂ ನಮ್ಮ ಮುಂದಿಟ್ಟು ಸುಮ್ಮನಾಗುತ್ತಾರೆ.

ನನ್ನ ತಲೆಯಲ್ಲಿ ಉಳಿದುಹೋದ ಕೆಲವರ ಬಗ್ಗೆ ಹೇಳಬೇಕು.

ಒಬ್ಬರು ಅಂಗಡಿಯವರು. ಅವರ ಹೆಸರು ಕೇಳಿದರೆ ಯಹೂದಿ ಇರಬಹುದು ಅನ್ನಿಸುವಂಥದ್ದು. ಆಗ ಅವರು ಊರಿನ ಪತ್ರಿಕೆಗೆ ಒಂದು ಜಾಹೀರಾತು ಕೊಟ್ಟಿದ್ದರು: ನಾನು ಯಹೂದಿಯಲ್ಲ ಅಂತ. ಓಫುಲ್ಸ್ ಅದರ ಬಗ್ಗೆ ನಯವಾಗಿಯೇ ಕೇಳುತ್ತಾರೆ. ಅಂಗಡಿಯವರಿಗೆ ಅದರಲ್ಲಿ ತಪ್ಪೇನು ಅಂತ ಈಗಲೂ ಅರ್ಥವಾಗಿಲ್ಲ. ಗಿರಾಕಿಗಳಿಗೆ ಅನುಮಾನ ಬರಬಾರದಲ್ಲ, ಅಷ್ಟೇ. ಅವರು ಯಾರನ್ನೂ ಕೊಂದಿಲ್ಲ, ಯಾರ ಮೇಲೂ ದೂರು ಬರೆದಿಲ್ಲ. ವ್ಯಾಪಾರ ಉಳಿಸಿಕೊಂಡರು. ಆ ದೃಶ್ಯ ನೋಡುವಾಗ ನನಗೆ ಸಿಟ್ಟು ಬರಲಿಲ್ಲ. ಹೊಟ್ಟೆಯೊಳಗೆ ಏನೋ ತಣ್ಣಗಾಯಿತು.

ಇನ್ನಿಬ್ಬರು ವಯಸ್ಸಾದ ಶಾಲಾ ಮೇಷ್ಟರು. ಯಹೂದಿ ಸಹೋದ್ಯೋಗಿಗಳನ್ನು ಕೆಲಸದಿಂದ ತೆಗೆದಾಗ ನೀವೆಲ್ಲ ಒಟ್ಟಿಗೆ ರಾಜೀನಾಮೆ ಕೊಡಬೇಕು ಅಂತ ಅನ್ನಿಸಲಿಲ್ಲವೇ ಅನ್ನುವುದು ಪ್ರಶ್ನೆ. ಅವರು ತಬ್ಬಿಬ್ಬಾಗುತ್ತಾರೆ. ಅಂಥ ಯೋಚನೆ ಬರುವ ಸಾಧ್ಯತೆಯೇ ಇರಲಿಲ್ಲ ಅನ್ನುವುದು ಅವರ ಉತ್ತರದ ಸಾರ. ಆಫೀಸಿನಲ್ಲಿ ದುಡಿಯುವ ನಾವ್ಯಾರೂ ಈ ಉತ್ತರ ಕೇಳಿ ನಗಲಾರೆವು. ಪಕ್ಕದ ಡೆಸ್ಕಿನವನನ್ನು ಅನ್ಯಾಯವಾಗಿ ಕಳಿಸಿದರೆ ನಮ್ಮಲ್ಲಿ ಎಷ್ಟು ಜನ ಬ್ಯಾಡ್ಜ್ ತೆಗೆದು ಟೇಬಲ್ ಮೇಲಿಡುತ್ತೇವೆ?

ಹಾಗಂತ ಬರೀ ಇಂಥವರೇ ಇಲ್ಲ. ಹಳ್ಳಿಯ ಇಬ್ಬರು ಅಣ್ಣತಮ್ಮಂದಿರು ಬರುತ್ತಾರೆ, ರೈತರು, ಪ್ರತಿರೋಧದಲ್ಲಿದ್ದವರು. ಒಬ್ಬರನ್ನು ಊರಿನವರೇ ಹಿಡಿದುಕೊಟ್ಟು ಬುಖೆನ್‌ವಾಲ್ಡ್ ಶಿಬಿರಕ್ಕೆ ಸೇರಿಸಿದ್ದರು. ಬದುಕಿ ವಾಪಸ್ ಬಂದರು. ಹಿಡಿದುಕೊಟ್ಟವನು ಯಾರು ಅಂತ ಅವರಿಗೆ ಗೊತ್ತು. ಸೇಡು ತೀರಿಸಿಕೊಳ್ಳಲಿಲ್ಲ. ತಮ್ಮದೇ ದ್ರಾಕ್ಷಿಯ ವೈನ್ ಗ್ಲಾಸಿಗೆ ಬಗ್ಗಿಸುತ್ತಾ, ಯಾರದೋ ಜಮೀನಿನ ವ್ಯಾಜ್ಯದ ಬಗ್ಗೆ ಮಾತಾಡಿದಷ್ಟೇ ಸಹಜವಾಗಿ ಇದನ್ನೆಲ್ಲ ಹೇಳುತ್ತಾರೆ. ಇಡೀ ಸಿನಿಮಾದಲ್ಲಿ ವೀರರು ಅಂತ ಯಾರನ್ನಾದರೂ ಕರೆಯುವುದಾದರೆ ಇವರನ್ನೇ. ಅವರ ಮುಖದಲ್ಲಿ ಮಾತ್ರ ಅದರ ಸುಳಿವೂ ಇಲ್ಲ.

ಆಮೇಲೆ ಪಿಯೆರ್ ಮಾಂದೆಸ್ ಫ್ರಾನ್ಸ್. ಮುಂದೆ 1954ರಲ್ಲಿ ಪ್ರಧಾನಿಯಾದವರು, ಯಹೂದಿ. ಹೋರಾಟ ಮುಂದುವರಿಸೋಣ ಅಂತ ಉತ್ತರ ಆಫ್ರಿಕಾಕ್ಕೆ ಹೊರಟವರನ್ನು ವಿಷಿ ಸರ್ಕಾರ ಸೇನೆಯಿಂದ ಓಡಿಹೋದವನು ಅಂತ ಆರೋಪ ಹೊರಿಸಿ ಇದೇ ಕ್ಲೆರ್ಮಾಂನಲ್ಲಿ ಜೈಲಿಗೆ ಹಾಕಿತ್ತು. 1941ರ ಜೂನ್‌ನಲ್ಲಿ ಅವರು ತಪ್ಪಿಸಿಕೊಂಡರು. ಗೋಡೆ ಹತ್ತಿದ್ದಾಯಿತು, ಇನ್ನೇನು ಹಾರಬೇಕು, ಕೆಳಗೆ ಮರದಡಿಯಲ್ಲಿ ಒಂದು ಜೋಡಿ! ಹುಡುಗನಿಗೆ ತನಗೇನು ಬೇಕು ಅಂತ ಚೆನ್ನಾಗಿ ಗೊತ್ತು, ಹುಡುಗಿ ಇನ್ನೂ ಮನಸ್ಸು ಮಾಡಿಲ್ಲ. ಮುಂದೆ ಪ್ರಧಾನಿಯಾಗುವವರು ಗೋಡೆಯ ಮೇಲೆ ಕೂತು, ಆಕೆ ಬೇಗ ಒಪ್ಪಲಿ ಅಂತ ಕಾಯುತ್ತಿದ್ದಾರೆ. ಕೊನೆಗೂ ಆಕೆ ಒಪ್ಪಿದಾಗ ಆ ಹುಡುಗನಿಗಿಂತ ಹೆಚ್ಚು ಖುಷಿಯಾಗಿದ್ದು ಇವರಿಗೆ. ಇದನ್ನು ಹೇಳುವಾಗ ಮಾಂದೆಸ್ ಫ್ರಾನ್ಸ್ ಕಣ್ಣಲ್ಲಿ ತುಂಟತನ. ಓಫುಲ್ಸ್ ಇಂಥ ಕ್ಷಣಗಳನ್ನು ಕತ್ತರಿಸಿ ಎಸೆಯಲಿಲ್ಲ. ಲಘುಹಾಸ್ಯ ಮಾಡಲು ಹೊರಟ ನಿರ್ದೇಶಕ ಅಲ್ವಾ?

ಜರ್ಮನ್ ಸೇನೆಯ ಒಬ್ಬ ಮಾಜಿ ಕ್ಯಾಪ್ಟನ್ ಮನೆಯವರ ಮದುವೆ ಸಂಭ್ರಮದ ನಡುವೆ ಸಿಗಾರ್ ಸೇದುತ್ತಾ ಕೂತಿದ್ದಾರೆ. ಆಲೂಗಡ್ಡೆ ಅಗೆಯುತ್ತಿದ್ದ ಹೊಲದವರು ಇದ್ದಕ್ಕಿದ್ದಂತೆ ಬಂದೂಕು ತೆಗೆದು ನಮ್ಮವರ ಮೇಲೆ ಗುಂಡು ಹಾರಿಸಿದರು, ಅದು ನ್ಯಾಯದ ಯುದ್ಧವೇ ಅಂತ ಅವರ ದೂರು. ಹೋರಾಟಗಾರ ಅಂದಮೇಲೆ ತೋಳಿಗೊಂದು ಪಟ್ಟಿ ಬೇಡವೇ! ಕ್ರಿಸ್ತಿಯಾಂ ದ ಲ ಮಾಜಿಯೆರ್ ಎಂಬ ಶ್ರೀಮಂತ ಮನೆತನದ ಫ್ರೆಂಚ್ ವ್ಯಕ್ತಿ ತಾನು ನಾಜಿಗಳ ಎಸ್‌ಎಸ್ ಪಡೆ ಸೇರಿದ್ದನ್ನು ಬಚ್ಚಿಡದೆ ಹೇಳುತ್ತಾರೆ. ತಪ್ಪು ಮಾಡಿದವರಲ್ಲಿ ಅಷ್ಟು ನೇರವಾಗಿ ಮಾತಾಡುವವರು ಇಡೀ ಸಿನಿಮಾದಲ್ಲಿ ಅವರೊಬ್ಬರೇ ಇರಬೇಕು. ಔಷಧಿ ಅಂಗಡಿಯ ಯಜಮಾನರೊಬ್ಬರು, ಆ ವರ್ಷಗಳಲ್ಲಿ ತಮಗೆ ಹೆಚ್ಚಾಗಿ ಅನುಭವಕ್ಕೆ ಬಂದ ಎರಡು ಭಾವನೆಗಳೆಂದರೆ ದುಃಖ ಮತ್ತು ಕರುಣೆ ಅಂತ ತಮ್ಮ ಮಕ್ಕಳ ಮುಂದೆ ಹೇಳುತ್ತಾರೆ. ಸಿನಿಮಾದ ಹೆಸರು ಬಂದಿದ್ದು ಅಲ್ಲಿಂದ.

ಓಆರ್‌ಟಿಎಫ್ ಇದನ್ನು ಕೊಳ್ಳಲಿಲ್ಲ. ಈ ಸಿನಿಮಾ ಒಡೆಯುತ್ತಿರುವ ಕಟ್ಟುಕಥೆಗಳು ಫ್ರೆಂಚ್ ಜನರಿಗೆ ಇನ್ನೂ ಬೇಕಾಗಿವೆ ಎಂಬ ಅರ್ಥದ ಮಾತನ್ನು ಅದರ ಮುಖ್ಯಸ್ಥರು ಸಂಸತ್ತಿನ ಸಮಿತಿಯೆದುರು ಆಡಿದರು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ! 1971ರಲ್ಲಿ ಪ್ಯಾರಿಸ್ಸಿನ ವಿದ್ಯಾರ್ಥಿಗಳ ಬೀದಿಯ ಒಂದು ಪುಟ್ಟ ಥಿಯೇಟರಿನಲ್ಲಿ ಅದು ತೆರೆಕಂಡಿತು. ಜನ ಸಾಲುಗಟ್ಟಿದರು. ದೊಡ್ಡ ಥಿಯೇಟರಿಗೆ ಹೋಯಿತು. ಒಂದೂವರೆ ವರ್ಷಕ್ಕೂ ಹೆಚ್ಚು ಓಡಿತು. 1981ರಲ್ಲಿ ಮಿತ್ತರಾಂ ಅಧ್ಯಕ್ಷರಾದ ಮೇಲೆ, ಅಕ್ಟೋಬರ್ ಕೊನೆಯಲ್ಲಿ ಎರಡು ರಾತ್ರಿ ಟಿವಿಯಲ್ಲಿ ಬಂತು. ಸುಮಾರು ಒಂದೂವರೆ ಕೋಟಿ ಜನ ನೋಡಿದರು ಅಂತ ಲೆಕ್ಕ.

ಇಲ್ಲಿಗೆ ನಿಲ್ಲಿಸಿದ್ದರೆ ಇದು ಧೀರ ನಿರ್ದೇಶಕ ಮತ್ತು ಹೇಡಿ ಸರ್ಕಾರದ ಸರಳ ಕಥೆ ಆಗಿಬಿಡುತ್ತಿತ್ತು. ಆದರೆ ಸಿನಿಮಾವನ್ನು ವಿರೋಧಿಸಿದವರಲ್ಲಿ ಒಬ್ಬರ ಹೆಸರು ಕೇಳಿದರೆ ನೀವು ತಡೆದು ನಿಲ್ಲುತ್ತೀರಿ: ಸಿಮೋನ್ ವೆಯ್. 16ನೇ ವಯಸ್ಸಿನಲ್ಲಿ ಆಶ್ವಿಟ್ಜ್‌ಗೆ ಹೋಗಿ ಬದುಕಿ ಬಂದವರು. ಅಪ್ಪ, ಅಮ್ಮ, ಅಣ್ಣ, ಮೂವರನ್ನೂ ಕಳೆದುಕೊಂಡವರು. ಮುಂದೆ ಗರ್ಭಪಾತದ ಹಕ್ಕಿನ ಕಾನೂನು ತಂದ ಸಚಿವೆ, ಯುರೋಪಿಯನ್ ಸಂಸತ್ತಿನ ಅಧ್ಯಕ್ಷೆ. ಆಗ ಅವರು ಓಆರ್‌ಟಿಎಫ್ ಆಡಳಿತ ಮಂಡಳಿಯಲ್ಲಿದ್ದರು. ಈ ಸಿನಿಮಾ ಕೊಳ್ಳುವುದು ಬೇಡ ಅಂದರು. ಅವರ ವಾದ ಇಷ್ಟು: ಎಲ್ಲರೂ ವೀರರು ಅನ್ನುವುದು ಎಷ್ಟು ಸುಳ್ಳೋ, ಎಲ್ಲರೂ ಹೇಡಿಗಳು ಅನ್ನುವುದೂ ಅಷ್ಟೇ ಸುಳ್ಳು. ಆ ಪ್ರದೇಶದಲ್ಲಿ ಗಟ್ಟಿ ಹೋರಾಟ ನಡೆದಿತ್ತು, ಅದಕ್ಕೆ ಸಿನಿಮಾ ನ್ಯಾಯ ಒದಗಿಸಿಲ್ಲ.

ಈ ವಾದವನ್ನು ತಳ್ಳಿಹಾಕುವುದು ಸುಲಭವಲ್ಲ. ಫ್ರಾನ್ಸಿನಲ್ಲಿದ್ದ ಯಹೂದಿಗಳಲ್ಲಿ ಸುಮಾರು ಮುಕ್ಕಾಲು ಪಾಲು ಜನ ಬದುಕುಳಿದರು. ಅದಕ್ಕೆ ಹಲವು ಕಾರಣಗಳಿವೆ. ಅವುಗಳಲ್ಲೊಂದು, ಸಾವಿರಾರು ಮನೆಗಳು, ಮಠಗಳು, ಹಳ್ಳಿಗಳು ಸದ್ದಿಲ್ಲದೆ ಮಕ್ಕಳನ್ನು ಬಚ್ಚಿಟ್ಟವು ಅನ್ನುವುದು. ಅವರೆಲ್ಲ ಈ ಸಿನಿಮಾದಲ್ಲಿ ಅಷ್ಟಾಗಿ ಕಾಣುವುದಿಲ್ಲ. ನನ್ನ ಮಟ್ಟಿಗೆ ಹೇಳುವುದಾದರೆ, ವೆಯ್ ಅವರ ಆಕ್ಷೇಪದಲ್ಲಿ ಸತ್ಯವಿದೆ, ಆದರೆ ಅದಕ್ಕೆ ಪರಿಹಾರ ಸಿನಿಮಾ ತೋರಿಸದೆ ಇರುವುದು ಅಲ್ಲ. ತೋರಿಸಿ, ಆಮೇಲೆ ಜಗಳ ಆಡಬೇಕಿತ್ತು. ತೋರಿಸದೆ ಇದ್ದಿದ್ದರಿಂದ ಒಳ್ಳೆಯವರ ಕಥೆಯೂ ಹೊರಗೆ ಬರುವುದು ತಡವಾಯಿತು. ಎಲ್ಲರೂ ಒಳ್ಳೆಯವರೇ ಆಗಿದ್ದರು ಅಂತ ನಂಬಿದ ಮೇಲೆ, ನಿಜವಾಗಿ ಬಾಗಿಲು ತೆಗೆದವರನ್ನು ಹುಡುಕುವ ಅಗತ್ಯ ಯಾರಿಗಿದೆ?

ಸಿನಿಮಾದೊಳಗೇ ಇನ್ನೊಂದು ಎಚ್ಚರಿಕೆ ಇದೆ. ಯುದ್ಧಕಾಲದ ಬ್ರಿಟಿಷ್ ವಿದೇಶಾಂಗ ಮಂತ್ರಿ ಆಂಥನಿ ಈಡನ್ ಫ್ರೆಂಚಿನಲ್ಲೇ ಮಾತಾಡುತ್ತಾ, ಪರಕೀಯರ ಆಕ್ರಮಣ ಅನುಭವಿಸದ ದೇಶದವರಿಗೆ ಅನುಭವಿಸಿದವರ ಬಗ್ಗೆ ತೀರ್ಪು ಕೊಡುವ ಹಕ್ಕಿಲ್ಲ ಎಂಬ ಅರ್ಥದ ಮಾತು ಹೇಳುತ್ತಾರೆ. ಓಫುಲ್ಸ್ ಆ ಮಾತನ್ನು ಹಾಗೇ ಉಳಿಸಿಕೊಂಡಿದ್ದಾರೆ. ಅವರೇ ಹದಿಮೂರರ ವಯಸ್ಸಿನಲ್ಲಿ ಆ ದೇಶ ಬಿಟ್ಟು ಓಡಿದವರು. ತೀರ್ಪು ಕೊಡಲು ಅವರಿಗಿಂತ ಹಕ್ಕಿದ್ದವರು ಕಡಿಮೆ. ಆದರೂ ಅವರು ಜನರನ್ನು ಕಟಕಟೆಗೆ ಹತ್ತಿಸಲಿಲ್ಲ. ಕುರ್ಚಿ ಹಾಕಿ ಕೂರಿಸಿ ಮಾತಾಡಿಸಿದರು.

ಈ ಯಶಸ್ಸಿನ ನಂತರ ಅವರ ಬದುಕು ಹಸನಾಯಿತು ಅಂದುಕೊಂಡಿದ್ದರೆ, ಇಲ್ಲ. 1972ರಲ್ಲಿ ಉತ್ತರ ಐರ್ಲೆಂಡಿನ ಹಿಂಸೆಯ ಬಗ್ಗೆ ‘ಎ ಸೆನ್ಸ್ ಆಫ್ ಲಾಸ್’ ಮಾಡಿದರು, ಬಿಬಿಸಿ ತೋರಿಸಲು ನಿರಾಕರಿಸಿತು. ಆಮೇಲೆ ‘ದಿ ಮೆಮೊರಿ ಆಫ್ ಜಸ್ಟಿಸ್’. ನ್ಯೂರೆಂಬರ್ಗ್ ವಿಚಾರಣೆಯಲ್ಲಿ ನಾಜಿಗಳಿಗೆ ಅನ್ವಯಿಸಿದ ನ್ಯಾಯದ ಅಳತೆಗೋಲನ್ನು ಅಲ್ಜೀರಿಯಾದಲ್ಲಿ ಫ್ರೆಂಚರಿಗೆ, ವಿಯೆಟ್ನಾಮಿನಲ್ಲಿ ಅಮೆರಿಕದವರಿಗೆ ಹಿಡಿದು ನೋಡಿದರೆ ಏನಾಗುತ್ತದೆ ಅನ್ನುವ ಪ್ರಶ್ನೆ. ಗೆದ್ದವರಿಗೂ ಅದೇ ಕಾನೂನು ಯಾಕಿಲ್ಲ? ನಿರ್ಮಾಪಕರ ಜೊತೆ ಜಟಾಪಟಿಯಾಯಿತು. ಸಂಕಲನದ ಕೋಣೆಯಿಂದ ಅವರನ್ನೇ ಹೊರಗಿಟ್ಟರು. ಅವರ ಆವೃತ್ತಿಯ ಒಂದು ಪ್ರತಿ ಗುಟ್ಟಾಗಿ ಅಮೆರಿಕ ತಲುಪಿ, ಅಲ್ಲಿನವರ ನೆರವಿನಿಂದ 1976ರಲ್ಲಿ ಸಿನಿಮಾ ಅವರಿಗೆ ಬೇಕಾದ ಹಾಗೆ ಹೊರಬಂತು. ನಾಲ್ಕೂವರೆ ಗಂಟೆಗೂ ಹೆಚ್ಚು ಉದ್ದ. ಬಂದ ಮೇಲೂ ಹಕ್ಕುಗಳ ಗೋಜಲಿನಲ್ಲಿ ದಶಕಗಟ್ಟಲೆ ಮೂಲೆ ಸೇರಿತ್ತು. ಅದನ್ನು ಹೊಸದಾಗಿ ಸರಿಪಡಿಸಿ ಮತ್ತೆ ತೋರಿಸಿದ್ದು 2015ರಲ್ಲಿ.

ಆ ಸಿನಿಮಾದಲ್ಲಿ ಓಫುಲ್ಸ್ ಪತ್ನಿ ರೆಜಿನ್ ಕೂಡ ಬರುತ್ತಾರೆ. ಆಕೆ ಜರ್ಮನ್, ಬಾಲ್ಯದಲ್ಲಿ ಹಿಟ್ಲರನ ಬಾಲಕಿಯರ ದಳದಲ್ಲಿದ್ದವರು. ಅಂದರೆ ಯಹೂದಿ ನಿರಾಶ್ರಿತನ ಮನೆಯೊಳಗೇ ಈ ಇತಿಹಾಸ ಕೂತಿದೆ. ಇಂಥ ಭಾರದ ಸಿನಿಮಾ ಬಿಟ್ಟು ಒಂದಿಷ್ಟು ಹಗುರವಾದದ್ದು ಮಾಡಬಾರದೇ ಅನ್ನುವುದು ಆಕೆಯ ಆಸೆ. ಗಂಡನ ಆಸೆಯೂ ಅದೇ ಆಗಿತ್ತು ಅನ್ನುವುದು ಇಲ್ಲಿನ ತಮಾಷೆ, ಅಥವಾ ದುಃಖ.

1988ರಲ್ಲಿ ಬಂದಿದ್ದು ‘ಹೋಟೆಲ್ ಟರ್ಮಿನಸ್’, ಕ್ಲೌಸ್ ಬಾರ್ಬಿಯ ಬದುಕು ಮತ್ತು ಕಾಲದ ಬಗ್ಗೆ. ಬಾರ್ಬಿ ಲಿಯೋಂ ನಗರದ ಗೆಸ್ಟಾಪೊ ಮುಖ್ಯಸ್ಥ. ಪ್ರತಿರೋಧದ ನಾಯಕ ಜಾನ್ ಮೂಲಾಂಗೆ ಚಿತ್ರಹಿಂಸೆ ಕೊಟ್ಟವನು. 1944ರ ಏಪ್ರಿಲ್ 6ರಂದು ಇಜಿಯೂ ಎಂಬ ಹಳ್ಳಿಯ ಆಶ್ರಯಧಾಮದಿಂದ 44 ಯಹೂದಿ ಮಕ್ಕಳನ್ನು ಎತ್ತಿಹಾಕಿಕೊಂಡು ಹೋಗಿದ್ದು ಇವನ ಆದೇಶದ ಮೇಲೆ. ಯುದ್ಧ ಮುಗಿದ ಮೇಲೆ ಇವನು ಜೈಲಿಗೆ ಹೋಗಬೇಕಿತ್ತು. ಹೋಗಿದ್ದು ಅಮೆರಿಕ ಸೇನೆಯ ಗುಪ್ತಚರ ವಿಭಾಗದ ಸಂಬಳಕ್ಕೆ. ಕಮ್ಯುನಿಸ್ಟರ ವಿರುದ್ಧ ಮಾಹಿತಿ ಕೊಡುವ ಉಪಯುಕ್ತ ಮನುಷ್ಯ ಅಂತ ಅವರು ಕಾಪಾಡಿದರು, 1951ರಲ್ಲಿ ಬೊಲಿವಿಯಾಕ್ಕೆ ದಾಟಿಸಿದರು. ಅಲ್ಲಿ ಆಲ್ಟ್‌ಮನ್ ಅನ್ನುವ ಹೆಸರಿನಲ್ಲಿ ಮೂವತ್ತು ವರ್ಷ ಆರಾಮಾಗಿದ್ದ. 1983ರಲ್ಲಿ ಫ್ರಾನ್ಸಿಗೆ ತಂದರು, 1987ರಲ್ಲಿ ಜೀವಾವಧಿ ಶಿಕ್ಷೆಯಾಯಿತು.

ಓಫುಲ್ಸ್ ಈ ಜಾಡು ಹಿಡಿದು ಮೂರು ಖಂಡ ಸುತ್ತಿದರು. ಇಲ್ಲಿ ಅವರು ಮೊದಲಿನ ಸಮಾಧಾನದ ಮನುಷ್ಯ ಅಲ್ಲ. ಕೆಲವೊಮ್ಮೆ ರೇಗುತ್ತಾರೆ, ವ್ಯಂಗ್ಯ ಮಾಡುತ್ತಾರೆ. ನಲವತ್ತು ವರ್ಷ ಆಯಿತಲ್ಲ, ಈಗ್ಯಾಕೆ ಅದೆಲ್ಲ, ಬಿಡಿ ಸಾಕು ಅನ್ನುವ ಮಾತು ಲಿಯೋಂನ ಬಿಲಿಯರ್ಡ್ಸ್ ಟೇಬಲ್ಲಿನಿಂದ ಹಿಡಿದು ಜರ್ಮನಿಯ ಮನೆಬಾಗಿಲವರೆಗೆ ಎಲ್ಲ ಕಡೆ ಎದುರಾಗುತ್ತದೆ. ಅವನು ಒಳ್ಳೆಯ ಮನುಷ್ಯ ಅನ್ನುವವರೂ ಸಿಗುತ್ತಾರೆ. ಈ ಸಿನಿಮಾಕ್ಕೆ 1989ರಲ್ಲಿ ಅತ್ಯುತ್ತಮ ಸಾಕ್ಷ್ಯಚಿತ್ರದ ಆಸ್ಕರ್ ಬಂತು. ಆಮೇಲೆಯೂ ಅವರು ಬರ್ಲಿನ್ ಗೋಡೆ ಬಿದ್ದ ಬಗ್ಗೆ, ಸರಾಯೆವೊ ಯುದ್ಧದ ವರದಿಗಾರರ ಬಗ್ಗೆ ಚಿತ್ರ ಮಾಡಿದರು, ದುಡ್ಡಿಗಾಗಿ ಪರದಾಡಿದರು, 2013ರಲ್ಲಿ ತಮ್ಮದೇ ಬದುಕಿನ ಬಗ್ಗೆ ಒಂದು ಚಿತ್ರ ಮಾಡಿ ಮುಗಿಸಿದರು.

1995ರ ಜುಲೈ 16ರಂದು ಅಧ್ಯಕ್ಷ ಜಾಕ್ ಶಿರಾಕ್, ಆ ಯಹೂದಿಗಳನ್ನು ಹಿಡಿದುಕೊಟ್ಟಿದ್ದರಲ್ಲಿ ಫ್ರೆಂಚ್ ಪ್ರಭುತ್ವದ ಹೊಣೆ ಇದೆ ಅಂತ ಮೊದಲ ಬಾರಿಗೆ ಅಧಿಕೃತವಾಗಿ ಒಪ್ಪಿಕೊಂಡರು. ಘಟನೆ ನಡೆದು 53 ವರ್ಷ, ಸಿನಿಮಾ ಬಂದು 26 ವರ್ಷ. ಅಮೆರಿಕದ ರಾಬರ್ಟ್ ಪ್ಯಾಕ್ಸ್‌ಟನ್ ತರಹದ ಇತಿಹಾಸಕಾರರು, ಬದುಕುಳಿದವರ ಮಕ್ಕಳು, ವಕೀಲರು, ಹೀಗೆ ಎಷ್ಟೋ ಜನರ ದುಡಿಮೆಯ ಫಲ ಅದು. ಆದರೆ ಮನೆಯ ಹಾಲ್‌ನಲ್ಲಿ ಕೂತ ಮಾಮೂಲಿ ಜನರಿಗೆ, ಅಪ್ಪಾ ಆಗ ನೀನೇನು ಮಾಡ್ತಿದ್ದೆ ಅಂತ ಕೇಳುವ ಧೈರ್ಯ ಕೊಟ್ಟಿದ್ದರಲ್ಲಿ ಓಫುಲ್ಸ್ ಪಾಲು ದೊಡ್ಡದು.

ಎಲ್ಲಿಂದ ಶುರು ಮಾಡಲಿ ಅಂತ ಯಾರಾದರೂ ಕೇಳಿದರೆ ನಾನು ‘ದುಃಖ ಮತ್ತು ಕರುಣೆ’ ಅಂತಲೇ ಹೇಳುತ್ತೇನೆ. ಆದರೆ ‘ಹೋಟೆಲ್ ಟರ್ಮಿನಸ್’ನ ಕೊನೆಯವರೆಗೂ ಕೂರಿ. ಸಿಮೋನ್ ಲಗ್ರಾಂಜ್ ಎಂಬಾಕೆ ತಾವು ಚಿಕ್ಕವರಿದ್ದಾಗ ಇದ್ದ ಕಟ್ಟಡಕ್ಕೆ ಓಫುಲ್ಸ್ ಜೊತೆ ಬರುತ್ತಾರೆ. 1944ರಲ್ಲಿ, 13ನೇ ವಯಸ್ಸಿನಲ್ಲಿ ಬಂಧನಕ್ಕೊಳಗಾದವರು, ಬಾರ್ಬಿಯ ಏಟು ತಿಂದವರು, ಆಶ್ವಿಟ್ಜ್‌ನಿಂದ ಬದುಕಿ ಬಂದವರು. ಗೆಸ್ಟಾಪೊದವರು ಕುಟುಂಬವನ್ನು ಮೆಟ್ಟಿಲಿಳಿಸಿ ಕರೆದೊಯ್ಯುವಾಗ ಅಕ್ಕಪಕ್ಕದ ಬಾಗಿಲುಗಳು ಮುಚ್ಚಿಕೊಂಡಿದ್ದವು. ಮದಾಮ್ ಬೊಂತು ಅನ್ನುವ ನೆರೆಮನೆಯ ಹೆಂಗಸು ಮಾತ್ರ ಬಾಗಿಲು ತೆಗೆದು, ಹುಡುಗಿಯನ್ನು ಒಳಗೆಳೆದುಕೊಳ್ಳಲು ನೋಡಿದರು. ಏಟು ಬಿತ್ತು, ಒಳಗೆ ತಳ್ಳಿದರು. ಹುಡುಗಿಯನ್ನು ಉಳಿಸಿಕೊಳ್ಳಲು ಆಗಲಿಲ್ಲ.

ನಾಲ್ಕೂವರೆ ಗಂಟೆಯ ಹತ್ತಿರ ಹತ್ತಿರ ಓಡುವ ಆ ಸಿನಿಮಾದಲ್ಲಿ ಗೂಢಚಾರರು, ಮಂತ್ರಿಗಳು, ವಕೀಲರು, ಹೆಸರಾಂತ ಹೋರಾಟಗಾರರು ಎಲ್ಲ ಬಂದುಹೋಗುತ್ತಾರೆ. ಓಫುಲ್ಸ್ ಅದನ್ನು ಅರ್ಪಿಸಿದ್ದು ಮಾತ್ರ ಮದಾಮ್ ಬೊಂತು ಅವರಿಗೆ. ಹೆಸರಿನ ಜೊತೆ ಆಕೆಯ ಬಗ್ಗೆ ಇರುವುದು ಇಷ್ಟೇ: ಒಳ್ಳೆಯ ನೆರೆಯವಳು.